ಹೊಲ ಯಾರ ಹೆಸರಿಗಿದ್ದರೂ ಅವ್ವನ ಖರ್ಚು ಮಕ್ಕಳದ್ದೇ

ಪ್ರಶ್ನೆ: ನನ್ನ ತವರು ಜಮಖಂಡಿ ತಾಲೂಕು. ಮದುವೆಯಾಗಿ ಅಥಣಿ ತಾಲೂಕಿನ ಹಳ್ಳಿಯಲ್ಲಿದ್ದೇನೆ. ಅಪ್ಪ ತೀರಿಕೊಂಡು ಆರು ವರ್ಷವಾಯಿತು. ಅವ್ವನಿಗೆ ಈಗ 68. ಶುಗರ್, ಬಿಪಿ ಎರಡೂ ಇವೆ. ಅಣ್ಣ ಊರಲ್ಲೇ ಇದ್ದು ಅಪ್ಪನ ಆರು ಎಕರೆಯಲ್ಲಿ ಕಬ್ಬು ಬೆಳೆಯುತ್ತಾನೆ. ತಮ್ಮ ಪುಣೆಯಲ್ಲಿ ಕಂಪನಿ ಕೆಲಸದಲ್ಲಿದ್ದಾನೆ. ಅವ್ವನ ಹೆಸರಿನಲ್ಲಿ ಬೇರೆ ಎರಡು ಎಕರೆ ಇತ್ತು. 2021ರಲ್ಲಿ ಅದನ್ನು ಅಣ್ಣ ತನ್ನ ಹೆಸರಿಗೆ ಬಕ್ಷೀಸ್ ಪತ್ರ (ದಾನಪತ್ರ) ಮಾಡಿಸಿಕೊಂಡ. "ಸಾಯೋತನಕ ನೋಡ್ಕೋತೀನಿ" ಅಂತ ಬಾಯಿಮಾತಿನಲ್ಲಿ ಹೇಳಿದ್ದ. ಮೊದಲು ಎರಡು ತಿಂಗಳು ಅಣ್ಣನ ಮನೆ, ಎರಡು ತಿಂಗಳು ತಮ್ಮನ ಮನೆ ಅಂತ ಪಾಳಿ ಇತ್ತು. ಈಗ ಎಂಟು ತಿಂಗಳಿಂದ ಅವ್ವ ನನ್ನ ಹತ್ತಿರ ಇದ್ದಾಳೆ. ಇಬ್ಬರೂ ಒಂದು ರೂಪಾಯಿ ಕಳಿಸಿಲ್ಲ. ಅವ್ವನ ಸಂಧ್ಯಾ ಸುರಕ್ಷಾ ಪಿಂಚಣಿ ಹಣ ಬರುವ ಪಾಸ್‌ಬುಕ್ಕೂ ಅಣ್ಣನ ಮನೆಯಲ್ಲಿದೆ. ತಮ್ಮ "ಹೊಲ ತಗೊಂಡಾಂವ ನೋಡ್ಕೊಳ್ಳಲಿ" ಅಂತಾನೆ. ಅಣ್ಣ "ನಿನಗೂ ಮದುವ್ಯಾಗ ಬಂಗಾರ ಹಾಕೀವಿ, ನೀನ ಇಟ್ಕೊ" ಅಂತಾನೆ. ನಾನು ಹೊಲಿಗೆ ಮಾಡುತ್ತೇನೆ. ಗಂಡ ಏನೂ ಅನ್ನುವುದಿಲ್ಲ, ಆದರೆ ನಮ್ಮ ಮನೆಯ ಪರಿಸ್ಥಿತಿಯೂ ಅಷ್ಟಕ್ಕಷ್ಟೇ. ಕಾನೂನಿನಲ್ಲಿ ಅಣ್ಣ, ತಮ್ಮ ಇಬ್ಬರನ್ನೂ ಕೇಳಬಹುದಾ? ನನ್ನ ಮೇಲೂ ಬರುತ್ತಾ? ಕೊಟ್ಟ ಹೊಲ ವಾಪಸ್ ಬರುತ್ತಾ? ಅವ್ವ ಮಾತ್ರ "ಮಕ್ಕಳ ಮ್ಯಾಲೆ ಕೇಸ್ ಹಾಕಿ ಯಾವ ಮಾರಿ ಹೊತ್ತು ತಿರಗ್ಲಿ" ಅಂತಾಳೆ. ಏನು ಮಾಡಲಿ?

ಉತ್ತರ: ಮೊದಲು ನಿಮ್ಮ ತಮ್ಮನ ಮಾತಿಗೆ ಬರುತ್ತೇನೆ. ನಮ್ಮ ಬೆಳಗಾವಿ, ಬಾಗಲಕೋಟೆ ಕಡೆ ಎಷ್ಟೋ ಮನೆಗಳಲ್ಲಿ ವಯಸ್ಸಾದವರು ಯಾರಿಗೂ ಬೇಡವಾಗುವುದು ಇದೊಂದು ಮಾತಿನಿಂದಲೇ. "ಹೊಲ ತಗೊಂಡಾಂವ ನೋಡ್ಕೊಳ್ಳಲಿ." ಕೇಳೋಕೆ ನ್ಯಾಯ ಅನ್ನಿಸುತ್ತದೆ. ಕಾನೂನು ಇದನ್ನು ಒಪ್ಪುವುದಿಲ್ಲ.

2007ರಲ್ಲಿ ಬಂದ ತಂದೆ-ತಾಯಿ ಮತ್ತು ಹಿರಿಯ ನಾಗರಿಕರ ಪೋಷಣೆ ಹಾಗೂ ಕಲ್ಯಾಣ ಕಾಯ್ದೆಯಲ್ಲಿ, ಸ್ವಂತ ದುಡಿಮೆ ಅಥವಾ ಸ್ವಂತ ಆಸ್ತಿಯಿಂದ ಬದುಕಲಾಗದ ತಂದೆ ತಾಯಿ ಮಕ್ಕಳಿಂದ ಜೀವನಾಂಶ ಕೇಳಬಹುದು ಅಂತ ಇದೆ. ಯಾವ ಮಗನಿಗೆ ಎಷ್ಟು ಎಕರೆ ಸಿಕ್ಕಿತು ಅನ್ನುವ ಲೆಕ್ಕ ಅಲ್ಲಿಲ್ಲ. ಆಸ್ತಿಯ ಷರತ್ತು ಇರುವುದು ಮಕ್ಕಳಿಲ್ಲದ ಹಿರಿಯರಿಗೆ ಮಾತ್ರ. ಅವರ ಆಸ್ತಿ ಈಗಾಗಲೇ ಕೈಯಲ್ಲಿರುವ, ಇಲ್ಲವೇ ಮುಂದೆ ವಾರಸಾಗಿ ಪಡೆಯುವ ಸಂಬಂಧಿಕರು ನೋಡಿಕೊಳ್ಳಬೇಕು. ಹೊಟ್ಟೆಯಲ್ಲಿ ಹುಟ್ಟಿದ ಮಗನಿಗೆ ಒಂದು ಗುಂಟೆ ಸಿಗದಿದ್ದರೂ ಜವಾಬ್ದಾರಿ ತಪ್ಪುವುದಿಲ್ಲ. ಪುಣೆಯಲ್ಲಿ ಸಂಬಳ ತಗೊಳ್ಳುವ ತಮ್ಮ, ಊರಲ್ಲಿ ಕಬ್ಬಿನ ಬಿಲ್ ತಗೊಳ್ಳುವ ಅಣ್ಣ, ಇಬ್ಬರೂ ಕೊಡಬೇಕು. ಇದು ಎಲ್ಲ ಧರ್ಮದವರಿಗೂ ಅನ್ವಯಿಸುವ ಕಾಯ್ದೆ.

ಹಾಗಾಗಿ ನನ್ನ ಸಲಹೆಯ ತಿರುಳು ಇಷ್ಟೇ. ಅವ್ವನ ಊಟ-ಔಷಧದ ವಿಷಯ ಮತ್ತು ಹೊಲದ ವಿಷಯ, ಎರಡನ್ನೂ ಬೇರೆ ಬೇರೆ ಇಡಿ. ಮೊದಲನೆಯದನ್ನು ಈಗಲೇ ಕೇಳಿ. ಎರಡನೆಯದು ಎಷ್ಟು ದಿನ ಹಿಡಿಯುತ್ತೋ ಹಿಡಿಯಲಿ. ಹೊಲದ ಜಗಳ ಮುಗಿದ ಮೇಲೆ ಖರ್ಚಿನ ಮಾತು ಅಂತ ಕೂತರೆ ಅಷ್ಟರಲ್ಲಿ ಅವ್ವನ ವರ್ಷಗಳು ಕಳೆದುಹೋಗುತ್ತವೆ.

ಇನ್ನು ನಿಮ್ಮ ವಿಷಯ. ಇದನ್ನು ಮುಚ್ಚಿಡದೆ ಹೇಳುತ್ತೇನೆ. ಕಾಯ್ದೆಯಲ್ಲಿ ಮಕ್ಕಳು ಅಂದರೆ ಮಗ, ಮಗಳು, ಮೊಮ್ಮಗ, ಮೊಮ್ಮಗಳು, ವಯಸ್ಸಿಗೆ ಬಂದವರೆಲ್ಲ. ಮದುವೆಯಾದ ಮಗಳಿಗೂ ತಂದೆ ತಾಯಿಯ ಜವಾಬ್ದಾರಿ ಇದೆ ಅಂತ ಸುಪ್ರೀಂ ಕೋರ್ಟ್ 1987ರಲ್ಲೇ ಹೇಳಿದೆ. ಕಾಶಿರಾವ್ ಸವಾಯಿ ಅನ್ನುವ ತಂದೆ ತನ್ನ ಡಾಕ್ಟರ್ ಮಗಳಿಂದ ಜೀವನಾಂಶ ಕೇಳಿದ್ದ ಪ್ರಕರಣ ಅದು. ಆದ್ದರಿಂದ ಅರ್ಜಿಯಲ್ಲಿ ಅಣ್ಣ ತಮ್ಮಂದಿರ ಹೆಸರು ಮಾತ್ರ ಬರೆದರೂ ಅವರು "ನಮ್ಮ ಅಕ್ಕನನ್ನೂ ಸೇರಿಸಿ" ಅಂತ ಕೇಳಬಹುದು. ಹೆದರಬೇಡಿ. ಯಾರಿಂದ ಎಷ್ಟು ಅನ್ನುವುದನ್ನು ಅಧಿಕಾರಿ ಒಬ್ಬೊಬ್ಬರ ಶಕ್ತಿ ನೋಡಿ ಹಂಚುತ್ತಾರೆ. ಎಂಟು ತಿಂಗಳಿಂದ ಮನೆಯಲ್ಲಿಟ್ಟುಕೊಂಡು ಉಣ್ಣಿಸುತ್ತಿರುವುದು ನಿಮ್ಮ ಪಾಲೇ. ಅದನ್ನು ಅರ್ಜಿಯಲ್ಲಿ ಸ್ಪಷ್ಟವಾಗಿ ಬರೆಯಿರಿ. ಮದುವೆಯಲ್ಲಿ ಹಾಕಿದ ಬಂಗಾರಕ್ಕೂ ಅಣ್ಣನ ಜವಾಬ್ದಾರಿಗೂ ಯಾವ ಸಂಬಂಧವೂ ಇಲ್ಲ. ನಿಮ್ಮ ಯಜಮಾನರ ಮೇಲೆ ಈ ಕಾಯ್ದೆಯಲ್ಲಿ ಯಾವ ಹೊರೆಯೂ ಬರುವುದಿಲ್ಲ. ಅಳಿಯ, ಸೊಸೆ ಇಬ್ಬರೂ ಆ ಪಟ್ಟಿಯಲ್ಲಿಲ್ಲ. ಆದ್ದರಿಂದ ವೈನಿಯ ಹೆಸರನ್ನು ಅರ್ಜಿಗೆ ಎಳೆಯಬೇಡಿ. ಸುಮ್ನೆ ಜಗಳ ಜಾಸ್ತಿಯಾಗುತ್ತದೆ, ಫಲ ಏನೂ ಇಲ್ಲ.

ಅರ್ಜಿ ಎಲ್ಲಿ ಕೊಡಬೇಕು? ಪ್ರತಿ ಕಂದಾಯ ಉಪವಿಭಾಗದ ಸಹಾಯಕ ಆಯುಕ್ತರು, ಅಂದರೆ ಜನ ಎಸಿ ಸಾಹೇಬರು ಅಂತ ಕರೆಯುವವರು, ಈ ಕಾಯ್ದೆಯ ನ್ಯಾಯಮಂಡಳಿಯ ಅಧ್ಯಕ್ಷರು. ಬೆಳಗಾವಿ ಜಿಲ್ಲೆಯಲ್ಲಿ ಬೆಳಗಾವಿ, ಬೈಲಹೊಂಗಲ, ಚಿಕ್ಕೋಡಿ ಉಪವಿಭಾಗಗಳಿವೆ. ಬಾಗಲಕೋಟೆಯಲ್ಲಿ ಬಾಗಲಕೋಟೆ, ಜಮಖಂಡಿ. ವಿಜಯಪುರದಲ್ಲಿ ವಿಜಯಪುರ, ಇಂಡಿ. ತಾಯಿ ಈಗ ಇರುವ ಊರು, ಹಿಂದೆ ಇದ್ದ ಊರು, ಮಕ್ಕಳು ಇರುವ ಊರು, ಈ ಮೂರರಲ್ಲಿ ಎಲ್ಲಿ ಬೇಕಾದರೂ ಅರ್ಜಿ ಕೊಡಬಹುದು. ನಿಮಗೆ ಚಿಕ್ಕೋಡಿ ಆಗುತ್ತದೆ, ಜಮಖಂಡಿಯೂ ಆಗುತ್ತದೆ. ನಾನಾದರೆ ಚಿಕ್ಕೋಡಿ ಅನ್ನುತ್ತೇನೆ. 68 ವರ್ಷದ, ಶುಗರ್ ಇರುವ ಹೆಣ್ಣುಮಗಳು ಪ್ರತಿ ತಾರೀಖಿಗೂ ತನ್ನದೇ ಊರಿನ ಮಂದಿಯ ಮುಂದೆ ಹಾದುಹೋಗಬೇಕಾಗಿಲ್ಲ. ತಮ್ಮ ಪುಣೆಯಲ್ಲಿದ್ದಾನೆ ಅಂತ ಅಡ್ಡಿಯೇನೂ ಆಗುವುದಿಲ್ಲ. ಅವನ ವಿಳಾಸಕ್ಕೆ ನೋಟಿಸ್ ಹೋಗುತ್ತದೆ. ಬೇಕಂತಲೇ ತಪ್ಪಿಸಿಕೊಂಡರೆ ಅವನಿಲ್ಲದೆಯೇ ವಿಚಾರಣೆ ನಡೆಸಿ ಆದೇಶ ಮಾಡಬಹುದು.

ವಕೀಲರಿಲ್ಲದೆ ನಡೆಯಲಿ ಅಂತಲೇ ಈ ವ್ಯವಸ್ಥೆ ಮಾಡಿದ್ದಾರೆ. ಅವ್ವ ತಾನೇ ಹೇಳಿ, ನೀವು ಬರೆದರೆ ಸಾಕು. ಅವ್ವನಿಗೆ ಓಡಾಡಲು ಆಗದಿದ್ದರೆ ಅವಳು ಒಪ್ಪಿಗೆ ಕೊಟ್ಟ ಬೇರೆಯವರೂ ಅರ್ಜಿ ಹಾಕಬಹುದು. ಅಥಣಿ ಕೋರ್ಟ್ ಆವರಣದಲ್ಲಿ ತಾಲೂಕು ಕಾನೂನು ಸೇವಾ ಸಮಿತಿ ಇದೆ. ಹೆಣ್ಣುಮಕ್ಕಳಿಗೆ ಆದಾಯ ಎಷ್ಟೇ ಇರಲಿ, ಉಚಿತ ಕಾನೂನು ನೆರವು ಸಿಗುತ್ತದೆ. ಅರ್ಜಿ ಬರೆಯಲು ಅಲ್ಲಿ ಸಹಾಯ ಕೇಳಿ. ಫೋನ್‌ನಲ್ಲಿ ಕೇಳುವುದಾದರೆ 15100. ಹಿರಿಯರಿಗಾಗಿಯೇ ಇರುವ ಸಹಾಯವಾಣಿ 14567.

ಅರ್ಜಿಯಲ್ಲಿ ಬಹಳ ಜನ ಎಡವುವುದು ಒಂದೇ ಕಡೆ. ಎರಡು ಪುಟ ಮಗನನ್ನು ಬೈದಿರುತ್ತಾರೆ, ತಾಯಿಗೆ ತಿಂಗಳಿಗೆ ಎಷ್ಟು ಬೇಕು ಅನ್ನುವುದನ್ನೇ ಬರೆದಿರುವುದಿಲ್ಲ. ಅಧಿಕಾರಿಗೆ ಬೇಕಾಗಿರುವುದು ಲೆಕ್ಕ. ಒಂದು ಸಂಜೆ ಅವ್ವನ ಜೊತೆ ಕೂತು ಬರೆಯಿರಿ. ಉದಾಹರಣೆಗೆ ಹೀಗೆ. ಶುಗರ್, ಬಿಪಿ ಗುಳಿಗೆ 1,400. ಡಾಕ್ಟರ್ ಫೀ, ರಕ್ತ ತಪಾಸಣೆ 600. ದಿನಕ್ಕೆ ಅರ್ಧ ಲೀಟರ್ ಹಾಲು, ತಿಂಗಳಿಗೆ 800. ಜೋಳ, ಬೇಳೆ, ಎಣ್ಣೆ, ಕಾಯಿಪಲ್ಯ 2,500. ಸೀರೆ, ಸೋಪು, ಚಪ್ಪಲಿ ಇಂಥದ್ದಕ್ಕೆ 500. ಶಕ್ತಿ ಯೋಜನೆಯಿಂದ ಬಸ್ ಖರ್ಚು ಇಲ್ಲದಿದ್ದರೂ ದವಾಖಾನೆಗೆ ಆಟೋ 300. ಒಟ್ಟು 6,100. ನಿಮ್ಮ ಲೆಕ್ಕ ಬೇರೆ ಬರಬಹುದು, ಇದ್ದದ್ದನ್ನು ಇದ್ದ ಹಾಗೆ ಬರೆಯಿರಿ. ಕಣ್ಣಿನ ಪೊರೆ ಆಪರೇಷನ್ ಆಗಬೇಕಿದ್ದರೆ ಅದನ್ನು ಬೇರೆಯಾಗಿ ನಮೂದಿಸಿ. ಔಷಧದ ಅಂಗಡಿ ಚೀಟಿಗಳನ್ನು ಎಸೆಯಬೇಡಿ, ತಿಂಗಳವಾರು ಪಿನ್ ಹಾಕಿಡಿ. ಬೆಳಿಗ್ಗೆ ಎದ್ದು ಅವ್ವನಿಗೆ ಇನ್ಸುಲಿನ್ ಕೊಡುವುದು, ಕಾಲಿನ ಗಾಯ ನೋಡುವುದು, ಇವೆಲ್ಲ ನೀವು ಮಾಡುತ್ತಿದ್ದರೆ ಅದನ್ನೂ ಎರಡು ಸಾಲಿನಲ್ಲಿ ಬರೆಯಿರಿ. ಆ ದುಡಿಮೆಗೆ ಯಾರೂ ಬೆಲೆ ಕಟ್ಟುವುದಿಲ್ಲ, ಆದರೆ ಹಂಚುವಾಗ ಅದು ಅಧಿಕಾರಿಯ ಕಣ್ಣಿಗೆ ಬೀಳಬೇಕು.

ಜೀವನಾಂಶ ಅಂದರೆ ಬರೀ ಅನ್ನವಲ್ಲ. ಊಟ, ಬಟ್ಟೆ, ಇರಲು ಜಾಗ, ಔಷಧೋಪಚಾರ, ಎಲ್ಲ ಸೇರಿದೆ. ತಂದೆ ತಾಯಿ ಸಹಜವಾಗಿ ಬದುಕಲು ಬೇಕಾದಷ್ಟು ಅಂತ ಕಾಯ್ದೆಯೇ ಹೇಳುತ್ತದೆ. ಅಣ್ಣ ಬಂದು "ಆಕಿಗೆ ಪಗಾರ ಬರ್ತೈತಿ" ಅಂತ ಸಂಧ್ಯಾ ಸುರಕ್ಷಾ ಹಣ ತೋರಿಸಬಹುದು. ತಿಂಗಳಿಗೆ 1,200 ರೂಪಾಯಿಯಲ್ಲಿ ಶುಗರ್ ಇರುವ ಮನುಷ್ಯರು ಬದುಕುತ್ತಾರೆ ಅಂತ ಯಾವ ಅಧಿಕಾರಿಯೂ ಹೇಳಲಾರರು. ನಿಮ್ಮ ಲೆಕ್ಕದ ಪಕ್ಕದಲ್ಲೇ ಆ 1,200 ಅನ್ನೂ ತೋರಿಸಿಬಿಡಿ. ಮುಚ್ಚಿಟ್ಟರೆ ಅವರ ಕೈಗೆ ಒಂದು ಮಾತು ಕೊಟ್ಟಂತಾಗುತ್ತದೆ.

ಆ ಪಾಸ್‌ಬುಕ್ ವಿಷಯಕ್ಕೆ ಮಾತ್ರ ಆದೇಶದ ದಾರಿ ಕಾಯಬೇಡಿ. ಖಾತೆ ಅವ್ವನದು. ಆಧಾರ್ ಹಿಡಿದು ಅವಳನ್ನು ಬ್ಯಾಂಕಿಗೆ ಕರೆದುಕೊಂಡು ಹೋಗಿ, ಎಟಿಎಂ ಕಾರ್ಡ್ ಬಂದ್ ಮಾಡಿಸಿ, ಹೊಸ ಪಾಸ್‌ಬುಕ್ ತಗೊಳ್ಳಿ. ಎಂಟು ತಿಂಗಳ ಹಣ ಯಾರು ತೆಗೆದಿದ್ದಾರೆ ಅನ್ನುವುದು ಎಂಟ್ರಿ ಹಾಕಿಸಿದರೆ ಗೊತ್ತಾಗುತ್ತದೆ. ಆ ಪುಟದ ಜೆರಾಕ್ಸ್ ಅರ್ಜಿಗೆ ಸೇರಿಸಿ.

ಎಷ್ಟು ಸಿಗಬಹುದು? ಈ ಕಾಯ್ದೆಯಲ್ಲಿ ತಿಂಗಳಿಗೆ 10,000 ರೂಪಾಯಿ ಮಿತಿ ಇದೆ. 2007ರಲ್ಲಿ ಹಾಕಿದ ಮಿತಿ ಇವತ್ತಿಗೂ ಹಾಗೇ ಇದೆ. ಇದನ್ನು ಮತ್ತೆ ಪರಿಶೀಲಿಸಬೇಕು ಅಂತ 2025ರಲ್ಲಿ ಕರ್ನಾಟಕ ಹೈಕೋರ್ಟೇ ಕೇಂದ್ರಕ್ಕೆ ಹೇಳಿದೆ. ಒಮ್ಮೆ ಆಸ್ಪತ್ರೆ ಸೇರಿದರೆ ಎರಡೇ ದಿನದಲ್ಲಿ ಕರಗುವ ಹಣ ಅದು, ಅಲ್ವಾ? ಮಿತಿ ಇಲ್ಲದ ಇನ್ನೊಂದು ದಾರಿಯೂ ಇದೆ. ಮೊದಲು ದಂಡ ಪ್ರಕ್ರಿಯಾ ಸಂಹಿತೆಯ (ಸಿಆರ್‌ಪಿಸಿ) 125ನೇ ಕಲಂ ಅಂತ ಇದ್ದದ್ದು 2024ರ ಜುಲೈ 1ರಿಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144ನೇ ಕಲಂ ಆಗಿದೆ. ಅದರಲ್ಲಿ ಮ್ಯಾಜಿಸ್ಟ್ರೇಟ್ ಅಥವಾ ಕೌಟುಂಬಿಕ ನ್ಯಾಯಾಲಯಕ್ಕೆ ಹೋಗಬೇಕು. ಆದರೆ ಎರಡೂ ಕಡೆ ಒಟ್ಟಿಗೆ ಕೇಳುವಂತಿಲ್ಲ, ಒಂದನ್ನು ಆರಿಸಿಕೊಳ್ಳಬೇಕು. ತಮ್ಮನ ಸಂಬಳ ತುಂಬಾ ದೊಡ್ಡದು, ಅವ್ವನ ಚಿಕಿತ್ಸೆಯ ಖರ್ಚೂ ದೊಡ್ಡದು ಅಂತಿದ್ದರೆ ಕೋರ್ಟ್ ದಾರಿ ಯೋಚಿಸಬಹುದಿತ್ತು. ನೀವು ಬರೆದಿದ್ದನ್ನು ನೋಡಿದರೆ ಎಸಿ ಕಚೇರಿಯೇ ಸರಿ. ಹೊಲದ ಅರ್ಜಿಯೂ ಅಲ್ಲೇ ಆಗುತ್ತದೆ.

ನೋಟಿಸ್ ತಲುಪಿದ 90 ದಿನದೊಳಗೆ ಅರ್ಜಿ ಮುಗಿಸಬೇಕು, ವಿಶೇಷ ಕಾರಣ ಇದ್ದರೆ ಇನ್ನೊಂದು 30 ದಿನ, ಅಂತ ಕಾಯ್ದೆ ಹೇಳುತ್ತದೆ. ವಾಸ್ತವದಲ್ಲಿ ಎಸಿಗಳಿಗೆ ಭೂಸ್ವಾಧೀನ, ಚುನಾವಣೆ, ಕಂದಾಯ ಮೇಲ್ಮನವಿ ಅಂತ ನೂರೆಂಟು ಕೆಲಸ. ತಾರೀಖು ಮುಂದೆ ಹೋಗುತ್ತದೆ. ಅದಕ್ಕೇ ಮೊದಲ ದಿನವೇ, ಅದೇ ಅರ್ಜಿಯಲ್ಲಿ, "ವಿಚಾರಣೆ ಮುಗಿಯುವವರೆಗೆ ಮಧ್ಯಂತರ ಜೀವನಾಂಶ ಕೊಡಿಸಬೇಕು" ಅಂತ ಒಂದು ಸಾಲು ಬರೆಯಿರಿ. ಆ ಅಧಿಕಾರ ಅವರಿಗಿದೆ. ಬಹಳ ಅರ್ಜಿಗಳಲ್ಲಿ ಈ ಸಾಲೇ ಇರುವುದಿಲ್ಲ.

ಈಗ ಹೊಲ. ಇಲ್ಲಿ ಆಸೆ ಹುಟ್ಟಿಸಿ ಕೈಬಿಡಲು ನನಗೆ ಇಷ್ಟವಿಲ್ಲ, ನಿಧಾನವಾಗಿ ಓದಿ.

ಕಾಯ್ದೆಯ 23ನೇ ಕಲಂ ಪ್ರಕಾರ, ಹಿರಿಯ ನಾಗರಿಕರು ತಮ್ಮನ್ನು ನೋಡಿಕೊಳ್ಳಬೇಕು ಅನ್ನುವ ಷರತ್ತಿನ ಮೇಲೆ ಆಸ್ತಿ ಬರೆದುಕೊಟ್ಟು, ತಗೊಂಡವರು ನೋಡಿಕೊಳ್ಳದೇ ಹೋದರೆ, ಆ ಪತ್ರವನ್ನು ಮೋಸದಿಂದ ಅಥವಾ ಒತ್ತಡದಿಂದ ಮಾಡಿಸಿಕೊಂಡದ್ದು ಅಂತ ಹಿಡಿದು ರದ್ದು ಮಾಡಬಹುದು. ಇಡೀ ಮಾತು ನಿಂತಿರುವುದು ಆ ಷರತ್ತಿನ ಮೇಲೆ. ಸುದೇಶ್ ಛಿಕಾರಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2022ರ ಡಿಸೆಂಬರ್‌ನಲ್ಲಿ ಖಡಾಖಂಡಿತವಾಗಿ ಹೇಳಿತು: ನೋಡಿಕೊಳ್ಳುವ ಷರತ್ತು ಇತ್ತು ಅನ್ನುವುದು ತೋರಬೇಕು, ತಾಯಿ ಮಗನಿಗೆ ಕೊಟ್ಟಿದ್ದಾಳೆ ಅಂದ ಮಾತ್ರಕ್ಕೆ ಷರತ್ತು ಇತ್ತು ಅಂತ ಊಹಿಸಲು ಆಗುವುದಿಲ್ಲ. ಆಮೇಲೆ 2025ರ ಜನವರಿಯಲ್ಲಿ ಮಧ್ಯಪ್ರದೇಶದ ಊರ್ಮಿಳಾ ದೀಕ್ಷಿತ್ ಅವರ ಪ್ರಕರಣ ಬಂತು. ಅಲ್ಲಿ ದಾನಪತ್ರದ ಜೊತೆಗೆ, ತಾಯಿಯನ್ನು ಕೊನೆವರೆಗೆ ನೋಡಿಕೊಳ್ಳುತ್ತೇನೆ ಅನ್ನುವ ಬೇರೆ ವಚನಪತ್ರವೂ ಇತ್ತು. ಎರಡನ್ನೂ ಕೂಡಿಸಿ ಓದಿ ಕೋರ್ಟ್ ದಾನಪತ್ರ ರದ್ದು ಮಾಡಿತು. ಈ ಕಾಯ್ದೆ ಇರುವುದು ಹಿರಿಯರ ಅನುಕೂಲಕ್ಕೆ, ಅದನ್ನು ಉದಾರವಾಗಿ ಓದಬೇಕು, ನ್ಯಾಯಮಂಡಳಿ ಆಸ್ತಿಯ ಕಬ್ಜಾ ಕೂಡ ವಾಪಸ್ ಕೊಡಿಸಬಹುದು ಅಂತಲೂ ಹೇಳಿತು.

ಆದ್ದರಿಂದ ಮೊದಲು ಆ ಬಕ್ಷೀಸ್ ಪತ್ರ ಕೈಗೆ ಬರಬೇಕು. ಅಣ್ಣ ಕೊಡುವುದಿಲ್ಲ ಅಂತ ಕೂರಬೇಡಿ. ನೋಂದಣಿಯಾದ ಪತ್ರದ ದೃಢೀಕೃತ ನಕಲನ್ನು ಸಬ್ ರಿಜಿಸ್ಟ್ರಾರ್ ಕಚೇರಿಯಿಂದ ಅವ್ವ ಪಡೆಯಬಹುದು. ಓದುವಾಗ ಒಂದು ಸಾಲಿನ ಮೇಲೆ ಬೆರಳಿಟ್ಟು ನೋಡಿ. ನಮ್ಮ ಕಡೆ ಪತ್ರ ಬರೆಯುವವರು ರೂಢಿಯಲ್ಲಿ ಹೀಗೆ ಬರೆಯುತ್ತಾರೆ: "ನೀವು ನನ್ನ ಯೋಗಕ್ಷೇಮವನ್ನು ಚೆನ್ನಾಗಿ ನೋಡಿಕೊಂಡು ಬಂದಿರುವುದರಿಂದ, ಪ್ರೀತಿ ವಿಶ್ವಾಸದಿಂದ ಈ ಆಸ್ತಿಯನ್ನು ಕೊಟ್ಟಿರುತ್ತೇನೆ." ಇದು ಆಗಿಹೋದ ಮಾತು. ಇದರಲ್ಲಿ ಷರತ್ತು ಇಲ್ಲ ಅಂತ ಅಣ್ಣನ ಕಡೆಯವರು ವಾದಿಸುತ್ತಾರೆ, ಮತ್ತು ಆ ವಾದಕ್ಕೆ ಬಲ ಇದೆ. ಅದರ ಬದಲು "ಇನ್ನು ಮುಂದೆಯೂ ನನ್ನ ಜೀವಿತಾವಧಿಯವರೆಗೆ ಅನ್ನ, ವಸ್ತ್ರ, ಔಷಧೋಪಚಾರ ನೋಡಿಕೊಳ್ಳತಕ್ಕದ್ದು" ಅಂತ ಒಂದು ಸಾಲು ಇದ್ದರೆ ಪರಿಸ್ಥಿತಿಯೇ ಬೇರೆ. ಪತ್ರದಲ್ಲಿ ಇಲ್ಲದಿದ್ದರೆ ಹೊರಗೆ ಹುಡುಕಿ. ಪಂಚರು ಕೂತಾಗ ಬರೆದ ಕಾಗದ ಇದೆಯಾ? ಅಣ್ಣ ವಾಟ್ಸಾಪ್‌ನಲ್ಲಿ, ವಾಯ್ಸ್ ಮೆಸೇಜ್‌ನಲ್ಲಿ ಒಪ್ಪಿಕೊಂಡದ್ದು ಇದೆಯಾ? ಅದೇ ಸಮಯದಲ್ಲಿ ಸಹಿ ಮಾಡಿದ ಬೇರೆ ಕರಾರು ಇದೆಯಾ? ಬರೀ ಬಾಯಿಮಾತು ಅಂತಾದರೆ 23ನೇ ಕಲಂ ಅಡಿ ಗೆಲ್ಲುವುದು ಕಷ್ಟ ಅಂತಲೇ ನಾನು ಹೇಳುತ್ತೇನೆ. ಆಗ ಉಳಿಯುವುದು ಸಿವಿಲ್ ಕೋರ್ಟ್. ಮೋಸ, ಒತ್ತಡ ಅಂತ ಅಲ್ಲಿ ಸಾಬೀತು ಮಾಡಬೇಕು. ಅದಕ್ಕೆ ವಿಷಯ ಗೊತ್ತಾದ ದಿನದಿಂದ 3 ವರ್ಷದ ಅವಧಿ ಇರುತ್ತದೆ. ಆ ಬಕ್ಷೀಸ್ ಪತ್ರ 2021ರದ್ದು. ಹಾಗಾಗಿ ಈ ಭಾಗವನ್ನು ಮಾತ್ರ ಒಬ್ಬ ವಕೀಲರಿಗೆ ಪತ್ರ ಸಮೇತ ತೋರಿಸಲೇಬೇಕು.

ಇನ್ನೊಂದು ಮಾತು. ರದ್ದು ಮಾಡಿ ಅಂತ ಕೇಳುವ ಹಕ್ಕು ಬರೆದುಕೊಟ್ಟ ಅವ್ವನದು, ನಿಮ್ಮದಲ್ಲ. ಅವಳು ಗಟ್ಟಿಯಾಗಿ, ತಿಳಿದು ಹೇಳುವ ಸ್ಥಿತಿಯಲ್ಲಿರುವಾಗಲೇ ಇದು ಆಗಬೇಕು. ಆ ಎರಡು ಎಕರೆಯ ಉತಾರ (ಪಹಣಿ) ತೆಗೆಸಿ ಬೋಜಾ, ಅಂದರೆ ಸಾಲದ ಹೊರೆ, ಏನಾದರೂ ಏರಿದೆಯಾ ಅಂತಲೂ ನೋಡಿ. ಸಾಲ ತೆಗೆದಿದ್ದರೆ ಅಥವಾ ಬೇರೆಯವರಿಗೆ ಮಾರಿದ್ದರೆ ಕೆಲಸ ಇನ್ನಷ್ಟು ಜಟಿಲವಾಗುತ್ತದೆ.

ನಿಮ್ಮ ಪತ್ರದಲ್ಲಿ ನನ್ನನ್ನು ಹೆಚ್ಚು ಕಾಡಿದ್ದು ನೀವು ಕೇಳದೇ ಬಿಟ್ಟ ಒಂದು ವಿಷಯ. ಅಪ್ಪನ ಆರು ಎಕರೆ. "ಅಪ್ಪನ ಹೊಲ ಅಣ್ಣ ಮಾಡುತ್ತಾನೆ" ಅಂತ ಒಂದೇ ಸಾಲಿನಲ್ಲಿ ಮುಗಿಸಿದ್ದೀರಿ. ಅದರಲ್ಲಿ ಅವ್ವನ ಪಾಲು ಎಲ್ಲಿ ಹೋಯಿತು? ಅಪ್ಪ ಮೃತ್ಯುಪತ್ರ ಬರೆಯದೇ ಹೋಗಿದ್ದರೆ, ಹಿಂದೂ ಉತ್ತರಾಧಿಕಾರ ಕಾಯ್ದೆಯಲ್ಲಿ ಹೆಂಡತಿ ಮಕ್ಕಳ ಸಮಕ್ಕೆ ವಾರಸುದಾರಳು. ಅದು ಅಪ್ಪನ ಸ್ವಯಾರ್ಜಿತವಾಗಿದ್ದರೆ ನಾಲ್ಕರಲ್ಲಿ ಒಂದು ಪಾಲು, ಅಂದರೆ ಒಂದೂವರೆ ಎಕರೆ, ಅವ್ವನದು. ಅಷ್ಟೇ ಪಾಲು ನಿಮಗೂ ಇದೆ. ಪಿತ್ರಾರ್ಜಿತವಾಗಿದ್ದರೆ ಲೆಕ್ಕ ಬೇರೆ ಬರುತ್ತದೆ, ಆದರೆ ಪಾಲು ಇದ್ದೇ ಇದೆ. ಹೆಣ್ಣುಮಕ್ಕಳಿಗೆ ಹುಟ್ಟಿನಿಂದಲೇ ಸಮಪಾಲು ಅನ್ನುವುದನ್ನು 2020ರಲ್ಲಿ ವಿನೀತಾ ಶರ್ಮಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಗಟ್ಟಿ ಮಾಡಿದೆ. ವಾರಸಾ ಮಾಡುವಾಗ ಅಕ್ಕ-ತಂಗಿಯರ, ಅವ್ವಂದಿರ ಸಹಿ, ಹೆಬ್ಬೆಟ್ಟು ತಗೊಂಡು ಗಂಡುಮಕ್ಕಳ ಹೆಸರು ಮಾತ್ರ ಏರಿಸುವುದು ನಮ್ಮ ಕಡೆ ಎಲ್ಲರಿಗೂ ಗೊತ್ತಿರುವ ರೂಢಿ. ಉತಾರದಲ್ಲಿ ಹೆಸರು ಬಂದ ಮಾತ್ರಕ್ಕೆ ಮಾಲೀಕತ್ವ ಬರುವುದಿಲ್ಲ, ಹೋದ ಮಾತ್ರಕ್ಕೆ ಹಕ್ಕು ಹೋಗುವುದೂ ಇಲ್ಲ. ಆದರೆ ಸಬ್ ರಿಜಿಸ್ಟ್ರಾರ್ ಮುಂದೆ ಹಕ್ಕು ಬಿಡುಗಡೆ ಪತ್ರಕ್ಕೆ ಸಹಿ ಮಾಡಿದ್ದೀರಾ, ಅಥವಾ ತಲಾಟಿ (ಗ್ರಾಮ ಲೆಕ್ಕಿಗ) ಹತ್ತಿರ ಬರೀ ವರ್ದಿಗೆ, ಅಂದರೆ ಉತಾರದಲ್ಲಿ ಹೆಸರು ಬದಲಿಸುವ ಅರ್ಜಿಗೆ, ಸಹಿ ಮಾಡಿದ್ದೀರಾ, ಇದನ್ನು ತಿಳಿದುಕೊಳ್ಳಿ. ಎರಡಕ್ಕೂ ಬಹಳ ವ್ಯತ್ಯಾಸ ಇದೆ. ಬಕ್ಷೀಸ್ ಪತ್ರ ಹೋದರೂ ಅಪ್ಪನ ಹೊಲದಲ್ಲಿ ಅವ್ವನ ಪಾಲು ಉಳಿದಿದ್ದರೆ ಮಾತುಕತೆಗೆ ಕೂರುವಾಗ ಅವಳ ಕೈ ಖಾಲಿ ಇರುವುದಿಲ್ಲ. ಹಾಗಂತ ನಿಮ್ಮ ಪಾಲಿನ ದಾವೆಯನ್ನು ಅವ್ವನ ಜೀವನಾಂಶದ ಅರ್ಜಿಯ ಜೊತೆ ಬೆರೆಸಬೇಡಿ. ಬೆರೆಸಿದ ದಿನವೇ ಅಣ್ಣ "ಇಕಿ ಹೊಲದ ಆಸೆಗೆ ಅವ್ವನ್ನ ಇಟ್ಕೊಂಡಾಳ" ಅನ್ನುತ್ತಾನೆ, ಕೇಳಿದವರೂ ನಂಬುತ್ತಾರೆ.

ಕೊನೆಗೆ ಉಳಿದದ್ದು ಅವ್ವನ ಮಾತು. ಯಾವ ಮಾರಿ ಹೊತ್ತು ತಿರುಗಲಿ ಅನ್ನುವ ಮಾತು. ಅದನ್ನು ಹಗುರವಾಗಿ ತಗೊಳ್ಳಬೇಡಿ. ಅವಳಿಗೆ ಗೊತ್ತಿಲ್ಲದೆ, ಅವಳ ಹೆಬ್ಬೆಟ್ಟು ಒತ್ತಿಸಿ ಅರ್ಜಿ ಹಾಕುವ ಕೆಲಸ ಅಂತೂ ಬೇಡವೇ ಬೇಡ. ಅಣ್ಣನೂ ಬಕ್ಷೀಸ್ ಪತ್ರಕ್ಕೆ ಅದನ್ನೇ ಮಾಡಿರಬಹುದಲ್ಲ. ಅವಳಿಗೆ ವಿಷಯ ಬಿಡಿಸಿ ಹೇಳಿ. ಇದು ಪೊಲೀಸ್ ಕೇಸ್ ಅಲ್ಲ. ಕಟಕಟೆ ಇಲ್ಲ, ಅರ್ಜಿ ಹಾಕಿದ ಮಾತ್ರಕ್ಕೆ ಯಾರಿಗೂ ಬೇಡಿ ಹಾಕುವುದಿಲ್ಲ. ಎಸಿ ಅವರು ಮೊದಲು ಇದನ್ನು ರಾಜಿ ಅಧಿಕಾರಿಗೆ ಕಳಿಸಬಹುದು. ಒಂದು ತಿಂಗಳೊಳಗೆ ಎಲ್ಲರನ್ನೂ ಕೂಡಿಸಿ ಮಾತಾಡಿಸುತ್ತಾರೆ. ಮಕ್ಕಳು ಒಪ್ಪಿದರೆ ಅದನ್ನೇ ಆದೇಶವಾಗಿ ಬರೆಯುತ್ತಾರೆ. ಊರ ಪಂಚರೂ ಇದನ್ನೇ ಮಾಡುತ್ತಾರಲ್ಲ ಅಂತ ಅವ್ವ ಕೇಳಬಹುದು. ಪಂಚರ ಮಾತು ಮುರಿದರೆ ಕೇಳುವವರಿಲ್ಲ. ನಿಮ್ಮ ಮನೆಯ ಪಾಳಿ ಮುರಿದು ಬಿದ್ದದ್ದೂ ಹಾಗೇ ಅಲ್ವಾ?

ಪಾಳಿಯ ಬಗ್ಗೆ ನನಗೆ ಮೊದಲಿಂದಲೂ ಸಿಟ್ಟಿದೆ. ಎರಡು ತಿಂಗಳಿಗೊಮ್ಮೆ ಗಂಟು ಕಟ್ಟಿಕೊಂಡು ಊರು ಬದಲಿಸುವ ವಯಸ್ಸಲ್ಲ ಅದು. ಒಂದು ಡಾಕ್ಟರ್ ಫೈಲ್ ಅಲ್ಲಿ, ರೇಷನ್ ಕಾರ್ಡ್ ಇಲ್ಲಿ, ಪಿಂಚಣಿ ಮತ್ತೊಂದು ಕಡೆ. ಪುಣೆಯ ಒಂದು ರೂಮಿನ ಮನೆಯಲ್ಲಿ ಕನ್ನಡ ಮಾತಾಡುವವರಿಲ್ಲದೆ ದಿನವಿಡೀ ಕೂರುವುದು. ಯಾವ ಮನೆಯಲ್ಲೂ ಅವಳಿಗೆ ಅಂತ ಒಂದು ಮೂಲೆ ಇರುವುದಿಲ್ಲ. ರಾಜಿಗೆ ಕೂತಾಗ ಮತ್ತೆ ಪಾಳಿಗೆ ಒಪ್ಪಬೇಡಿ. ಅವ್ವ ಎಲ್ಲಿರಬೇಕು ಅನ್ನುವುದನ್ನು ಅವ್ವನೇ ಹೇಳಲಿ. ನಿಮ್ಮ ಹತ್ತಿರವೇ ಇರುತ್ತೇನೆ ಅಂದರೆ ಮಕ್ಕಳು ಹಣ ಕಳಿಸಲಿ, ತಿಂಗಳಿಗೊಮ್ಮೆ ಬಂದು ಮಾತಾಡಿಸಿ ಹೋಗಲಿ. ತನ್ನ ಮನೆಯಲ್ಲೇ ಇರುತ್ತೇನೆ ಅಂದರೆ ಅಲ್ಲಿ ಒಂದು ಕೋಣೆ, ಬೇರೆ ಒಲೆ ಕೊಡಲಿ.

ಹಣ ಯಾವಾಗ ಕೊಡುವುದು ಅನ್ನುವಲ್ಲಿ ಅಣ್ಣ ಕಬ್ಬಿನ ಬಿಲ್ಲಿನ ಮಾತು ಎತ್ತಿಯೇ ಎತ್ತುತ್ತಾನೆ. ಫ್ಯಾಕ್ಟರಿ ಬಿಲ್ ತಡವಾಗುತ್ತದೆ, ತಿಂಗಳಾ ಎಲ್ಲಿಂದ ತರಲಿ ಅಂತ. ಅದರಲ್ಲಿ ಸ್ವಲ್ಪ ನಿಜವೂ ಇದೆ. ಆಗ ತಿಂಗಳಿಗೆ ಇಷ್ಟು ಅಂತಲೇ ಬರೆಸಿ, ಬಿಲ್ ಬಂದಾಗ ಮುಂದಿನ ಆರು ತಿಂಗಳದ್ದನ್ನು ಒಮ್ಮೆಗೇ ಅವ್ವನ ಖಾತೆಗೆ ಹಾಕಬೇಕು ಅಂತ ಸೇರಿಸಿ. ತಮ್ಮನದು ಸಂಬಳ. ಅವನು ಪ್ರತಿ ತಿಂಗಳ ಒಂದು ತಾರೀಖಿಗೆ ಬ್ಯಾಂಕಿನಿಂದಲೇ ಹೋಗುವ ಹಾಗೆ ಮಾಡಿಡಲಿ. ಕೈಯಲ್ಲಿ ಹಣ ಬೇಡ, ನಿಮ್ಮ ಖಾತೆಗೂ ಬೇಡ, ಅವ್ವನ ಖಾತೆಗೇ ಬರಲಿ.

ವಯಸ್ಸಾದವರನ್ನು ಬೇಕಂತಲೇ ಎಲ್ಲಿಯಾದರೂ ಬಿಟ್ಟುಹೋದರೆ ಅದು ಬೇರೆ ವಿಷಯ, 24ನೇ ಕಲಂ ಅಡಿ ಅಪರಾಧ. 3 ತಿಂಗಳವರೆಗೆ ಜೈಲು, 5,000 ರೂಪಾಯಿವರೆಗೆ ದಂಡ, ಅಥವಾ ಎರಡೂ. ಬೆಳಗಾವಿಯ ಬಿಮ್ಸ್ ಆಸ್ಪತ್ರೆಯಲ್ಲಿ ಮಕ್ಕಳು ಬಿಟ್ಟುಹೋದ ಹಿರಿಯರ ಸಂಖ್ಯೆ 150 ದಾಟಿದೆ ಅನ್ನುವ ಸುದ್ದಿ 2025ರಲ್ಲಿ ವೈದ್ಯಕೀಯ ಶಿಕ್ಷಣ ಸಚಿವರ ಸಭೆಯಿಂದ ಹೊರಬಂದಾಗ ಬಹಳ ಜನ ಬೆಚ್ಚಿದರು. ನಿಮ್ಮ ಮನೆ ಅಲ್ಲಿಗೆ ಹೋಗಿಲ್ಲ. ಅವ್ವನ ಪಕ್ಕದಲ್ಲಿ ನೀವಿದ್ದೀರಿ. ಈ ಕಲಂ ಹೇಳಿ ಅಣ್ಣನನ್ನು ಹೆದರಿಸಲು ಹೋಗಬೇಡಿ. ಅವ್ವ ಇನ್ನೂ ಹಿಂದೆ ಸರಿಯುತ್ತಾಳೆ.

ಆದೇಶ ಬಂದ ಮೇಲೆ ಅದರ ಪ್ರತಿ ಅವ್ವನಿಗೆ ಉಚಿತವಾಗಿ ಸಿಗಬೇಕು, ಕೇಳಿ ತಗೊಳ್ಳಿ. 30 ದಿನದೊಳಗೆ ಮಕ್ಕಳು ಹಣ ಜಮಾ ಮಾಡಬೇಕು. ಕೊಟ್ಟ ಮೊತ್ತ ತೀರಾ ಕಡಿಮೆ ಅನ್ನಿಸಿದರೆ ಅವ್ವ 60 ದಿನದೊಳಗೆ ಜಿಲ್ಲಾಧಿಕಾರಿಗೆ ಮೇಲ್ಮನವಿ ಹಾಕಬಹುದು. ಮೇಲ್ಮನವಿ ನಡೆಯುತ್ತಿದೆ ಅಂತ ಮಕ್ಕಳು ಹಣ ನಿಲ್ಲಿಸುವಂತಿಲ್ಲ. ಹಣ ಬರದ ತಿಂಗಳು ಸುಮ್ಮನಿರಬೇಡಿ. ಕಾರಣವಿಲ್ಲದೆ ಕೊಡದಿದ್ದರೆ ವಸೂಲಿಗೆ ವಾರಂಟ್ ಹೊರಡಿಸಬಹುದು, ಆಮೇಲೂ ಕೊಡದಿದ್ದರೆ ಒಂದು ತಿಂಗಳವರೆಗೆ, ಅಥವಾ ಅದಕ್ಕೂ ಮೊದಲೇ ಕೊಟ್ಟರೆ ಕೊಡುವವರೆಗೆ, ಜೈಲಿಗೆ ಕಳಿಸುವ ಅಧಿಕಾರವೂ ಇದೆ. ಆದರೆ ಬಾಕಿ ಹಣಕ್ಕೆ ಅದು ಬರಬೇಕಾಗಿದ್ದ ದಿನದಿಂದ 3 ತಿಂಗಳೊಳಗೆ ಅರ್ಜಿ ಕೊಡಬೇಕು. ಮಗ ಇವತ್ತು ಹಾಕುತ್ತಾನೆ, ನಾಳೆ ಹಾಕುತ್ತಾನೆ ಅಂತ ಅವ್ವ ಕಾಯುತ್ತಲೇ ಇರುತ್ತಾಳೆ. ಹಾಗಾಗಿ ಪ್ರತಿ ತಿಂಗಳ 10ನೇ ತಾರೀಖಿಗೆ ಪಾಸ್‌ಬುಕ್ ಎಂಟ್ರಿ ಮಾಡಿಸುವ ಕೆಲಸ ನೀವೇ ಇಟ್ಟುಕೊಳ್ಳಿ. ಎರಡನೇ ತಿಂಗಳೂ ಖಾಲಿ ಕಂಡರೆ ಆ ವಾರವೇ ಚಿಕ್ಕೋಡಿಗೆ ಹೋಗಿ ಅರ್ಜಿ ಕೊಟ್ಟು, ಮೊಹರು ಹಾಕಿದ ಸ್ವೀಕೃತಿ ತಗೊಂಡು ಬನ್ನಿ.